ಸಾಗಣೆಯಲ್ಲಿ ಜಪ್ತಿಯಾದ ಮಾಂಸ: ಅಧಿಕಾರ, ರುಜುವಾತು ಮತ್ತು ಕಾಲ

2024ರ ಜುಲೈ ಕೊನೆಯ ವಾರ ರಾಜಸ್ಥಾನದಿಂದ ರೈಲಿನಲ್ಲಿ ಬಂದ 90 ಪೆಟ್ಟಿಗೆ ಮಾಂಸ ಬೆಂಗಳೂರಿನ ಸಂಗೊಳ್ಳಿ ರಾಯಣ್ಣ ನಿಲ್ದಾಣದಲ್ಲಿ ಇಳಿಯಿತು. ಅದರಲ್ಲಿ ನಾಯಿಮಾಂಸ ಬೆರೆತಿದೆ ಎಂಬ ಆರೋಪ ಎದ್ದು ಗಲಾಟೆಯಾಯಿತು, ಪೊಲೀಸ್ ಪ್ರಕರಣಗಳೂ ದಾಖಲಾದವು. ಆಹಾರ ಸುರಕ್ಷತಾ ಅಧಿಕಾರಿಗಳು ತೆಗೆದ ಮಾದರಿ ಹೈದರಾಬಾದಿನ ರಾಷ್ಟ್ರೀಯ ಮಾಂಸ ಸಂಶೋಧನಾ ಸಂಸ್ಥೆಗೆ ಹೋಯಿತು. ಅದು ಕುರಿಮಾಂಸ ಎಂದು ವರದಿ ಬಂತು. ಅಷ್ಟರಲ್ಲಿ ನಾಯಿಮಾಂಸದ ಸುದ್ದಿ ಊರೆಲ್ಲ ಹಬ್ಬಿತ್ತು.

ದಾರಿಯಲ್ಲಿ ಹಿಡಿದ ಮಾಂಸದ ವ್ಯಾಜ್ಯಗಳು ಬಹುತೇಕ ಮೂರು ಪ್ರಶ್ನೆಗಳ ಸುತ್ತ ನಡೆಯುತ್ತವೆ. ಹಿಡಿಯುವ ಅಧಿಕಾರವನ್ನು ಕಾಯ್ದೆ ಕೊಟ್ಟಿದೆಯೇ? ರುಜುವಾತಿನ ಹೊಣೆ ಯಾರದು? ಮಾಂಸ ಯಾವ ಪ್ರಾಣಿಯದು?

ಮೊದಲ ಪ್ರಶ್ನೆಗೆ ಉತ್ತರ ಪ್ರದೇಶದ ಫತೇಪುರದ ಪ್ರಕರಣ ಒಳ್ಳೆಯ ನಿದರ್ಶನ. ಗೋಮಾಂಸ ಸಾಗಿಸಿದ ಆರೋಪದ ಮೇಲೆ ಅಲ್ಲಿ ಮೋಟಾರ್ ಸೈಕಲ್ ಒಂದನ್ನು ಮುಟ್ಟುಗೋಲು ಹಾಕಲಾಗಿತ್ತು. ರಾಜ್ಯದ ಗೋಹತ್ಯೆ ತಡೆ ಕಾಯ್ದೆಯ ಸಾಗಣೆ ನಿರ್ಬಂಧ ಜೀವಂತ ಜಾನುವಾರಿಗೆ ಸಂಬಂಧಿಸಿದ್ದು, ಮಾಂಸದ ಸಾಗಣೆಗೆ ಅನ್ವಯಿಸುವುದಿಲ್ಲ ಎಂದು 2023ರಲ್ಲಿ ಅಲಹಾಬಾದ್ ಹೈಕೋರ್ಟ್ ಆ ಆದೇಶವನ್ನು ರದ್ದುಪಡಿಸಿತು. ಕಾಯ್ದೆಯ ಉದ್ದೇಶ ಏನೇ ಇರಲಿ, ಆಸ್ತಿ ಕಸಿಯುವ ಅಧಿಕಾರವನ್ನು ಊಹೆಯಿಂದ ಕಟ್ಟಿಕೊಳ್ಳಲು ಬರುವುದಿಲ್ಲ.

ಎರಡನೆಯ ಪ್ರಶ್ನೆಯನ್ನು ಕೂಲಂಕಷವಾಗಿ ಪರಿಶೀಲಿಸಿದ್ದು ಬಾಂಬೆ ಹೈಕೋರ್ಟ್. ದನಗಳ ವಧೆ ನಿಷೇಧಿಸುವ ಮಹಾರಾಷ್ಟ್ರದ ತಿದ್ದುಪಡಿ ಕಾಯ್ದೆಗೆ 2015ರಲ್ಲಿ ರಾಷ್ಟ್ರಪತಿಗಳ ಅಂಕಿತ ಬಿತ್ತು. ಅದರ 5ಡಿ ಕಲಂ ಹೊರರಾಜ್ಯದಲ್ಲಿ ವಧೆಯಾದ ದನದ ಮಾಂಸವನ್ನು ಇಟ್ಟುಕೊಳ್ಳುವುದನ್ನೂ ಅಪರಾಧವಾಗಿಸಿತು. 9ಬಿ ಕಲಂ ನಿರಪರಾಧಿತ್ವ ಸಾಬೀತುಮಾಡುವ ಹೊರೆಯನ್ನು ಆರೋಪಿಯ ತಲೆಗೇ ಕಟ್ಟಿತು. ನ್ಯಾಯಮೂರ್ತಿಗಳಾದ ಅಭಯ್ ಓಕಾ ಮತ್ತು ಎಸ್.ಸಿ. ಗುಪ್ತೆ ಅವರ ಪೀಠ 2016ರ ಮೇ 6ರಂದು ಎರಡೂ ಕಲಂಗಳನ್ನು ಅಸಾಂವಿಧಾನಿಕ ಎಂದು ಸಾರಿತು. ವಧೆಯ ನಿಷೇಧವನ್ನು ಮಾತ್ರ ಎತ್ತಿಹಿಡಿಯಿತು. ರಾಜ್ಯದೊಳಗಿನ ಮಾಂಸದ ವಿಷಯದಲ್ಲೂ, ಕೈಯಲ್ಲಿರುವುದು ಏನೆಂಬ ಅರಿವು ಇದ್ದಾಗ ಮಾತ್ರ ಅಪರಾಧ ಎಂದಿತು. ಬಾಡಿಗೆಗೆ ಪೆಟ್ಟಿಗೆ ಹೇರಿಕೊಂಡು ಹೋಗುವ ಚಾಲಕನ ಪಾಲಿಗೆ ಈ ಮಾತು ಬಹಳ ದೊಡ್ಡದು.

ಮೂರನೆಯದಕ್ಕೆ ವಿಜ್ಞಾನ ಉತ್ತರಿಸಬಲ್ಲದು. ಮೈಟೊಕಾಂಡ್ರಿಯದ ಡಿಎನ್‌ಎ ಪರೀಕ್ಷೆ ಹಸು, ಎಮ್ಮೆ, ಕುರಿ, ಆಡುಗಳನ್ನು ಸ್ಪಷ್ಟವಾಗಿ ಬೇರ್ಪಡಿಸುತ್ತದೆ. ಆದರೂ, ಸಿಕ್ಕ ಮಾಂಸವನ್ನು ವಿಧಿವಿಜ್ಞಾನ ಪ್ರಯೋಗಾಲಯದಲ್ಲಿ ಪರೀಕ್ಷಿಸದೆಯೇ ಗೋಮಾಂಸವೆಂದು ತೋರಿಸಲಾಗುತ್ತಿದೆ ಎಂದು 2020ರ ಅಕ್ಟೋಬರ್‌ನಲ್ಲಿ ಜಾಮೀನು ಅರ್ಜಿಯೊಂದರಲ್ಲಿ ಅಲಹಾಬಾದ್ ಹೈಕೋರ್ಟ್ ಹೇಳಬೇಕಾಯಿತು.

ಕರ್ನಾಟಕದ ತೊಡಕು ಇನ್ನೂ ಸೂಕ್ಷ್ಮವಾದುದು. 2020ರ ಜಾನುವಾರು ಹತ್ಯೆ ಪ್ರತಿಬಂಧಕ ಮತ್ತು ಸಂರಕ್ಷಣಾ ಕಾಯ್ದೆಯಲ್ಲಿ ‘ಜಾನುವಾರು’ ಎಂದರೆ ಹಸು, ಕರು, ಗೂಳಿ, ಎತ್ತುಗಳ ಜೊತೆಗೆ 13 ವರ್ಷ ತುಂಬದ ಎಮ್ಮೆ, ಕೋಣಗಳೂ ಸೇರುತ್ತವೆ. ವಯಸ್ಸು ಮೀರಿದ ಎಮ್ಮೆಯನ್ನು ಪ್ರಮಾಣಪತ್ರ ಪಡೆದು ವಧಿಸಬಹುದು. ಎಮ್ಮೆಯ ಮಾಂಸ ಹೌದೋ ಅಲ್ಲವೋ ಎಂಬುದನ್ನು ಡಿಎನ್‌ಎ ಹೇಳುತ್ತದೆ. ಆ ಎಮ್ಮೆಗೆ 12 ವರ್ಷವೋ 14 ವರ್ಷವೋ ಎಂಬುದನ್ನು ಆ ಪರೀಕ್ಷೆ ಹೇಳಲಾರದು. ಹಲ್ಲು ನೋಡಿ ವಯಸ್ಸು ಅಂದಾಜಿಸೋಣವೆಂದರೆ ಪೆಟ್ಟಿಗೆಯಲ್ಲಿ ಇರುವುದು ತುಂಡು ಮಾಂಸ. ಹೀಗಾಗಿ ವಧೆಗೆ ಮುನ್ನ ಪಶುವೈದ್ಯರು ಕೊಟ್ಟ ಕಾಗದವೊಂದೇ ಗತಿ. ಅದು ಮಾಂಸದ ಜೊತೆಗೇ ಪ್ರಯಾಣಿಸದಿದ್ದರೆ ಪ್ರಾಮಾಣಿಕ ವ್ಯಾಪಾರಿಯೂ ಸಿಕ್ಕಿಬೀಳುತ್ತಾನೆ.

ಇವೆಲ್ಲಕ್ಕೂ ಮೇಲೆ ಕಾಲದ ಸಮಸ್ಯೆ. ಮಂಜುಗಡ್ಡೆ ಕರಗಿದ ಪೆಟ್ಟಿಗೆ ಠಾಣೆಯ ಅಂಗಳದಲ್ಲಿ ಒಂದು ಹಗಲು ಕುಳಿತರೆ ಸಾಕು, ಮಾಂಸ ತಿನ್ನಲು ಬಾರದು. ಖುಲಾಸೆ ಸಿಕ್ಕರೂ ಮರಳಿ ಪಡೆಯಲು ಏನೂ ಉಳಿದಿರುವುದಿಲ್ಲ. ಹಾಳಾದದ್ದನ್ನು ಹೂಳಿದ ಮೇಲೆ ಎರಡನೇ ಪರೀಕ್ಷೆಗೂ ದಾರಿಯಿಲ್ಲ. ಈ ದೃಷ್ಟಿಯಿಂದ 2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯ್ದೆ ಹೆಚ್ಚು ವಿವೇಕದಿಂದ ರೂಪುಗೊಂಡಿದೆ. ಅದರಂತೆ ಮಾದರಿಯನ್ನು ನಾಲ್ಕು ಭಾಗ ಮಾಡಿ ಮೊಹರು ಹಾಕಬೇಕು. ವ್ಯಾಪಾರಿ ಕೇಳಿದರೆ ಒಂದು ಭಾಗ ಮಾನ್ಯತೆ ಪಡೆದ ಬೇರೊಂದು ಪ್ರಯೋಗಾಲಯಕ್ಕೆ ಹೋಗಬೇಕು. ಆಹಾರ ವಿಶ್ಲೇಷಕರು 14 ದಿನದೊಳಗೆ ವರದಿ ಕೊಡಬೇಕು. ಸಕಾರಣವಿಲ್ಲದೆ, ಕಿರುಕುಳ ಕೊಡಲೆಂದೇ ಜಪ್ತಿ ಮಾಡಿದ ಅಧಿಕಾರಿಗೆ 39ನೇ ಕಲಂ ಪ್ರಕಾರ 1 ಲಕ್ಷ ರೂಪಾಯಿವರೆಗೆ ದಂಡವಿದೆ.

ಈ ಕ್ರಮವನ್ನೇ ಜಾನುವಾರು ಕಾಯ್ದೆಯ ಜಪ್ತಿಗೂ ನಿಯಮಗಳ ಮೂಲಕ ಕಡ್ಡಾಯ ಮಾಡಬೇಕು. ಮಹಜರಿನ ಹೊತ್ತಿನಲ್ಲೇ, ಸಾಗಿಸುತ್ತಿದ್ದವರ ಎದುರಿನಲ್ಲೇ ಮಾದರಿ ತೆಗೆಯಬೇಕು. ಪ್ರತಿ ಮಾದರಿಯನ್ನು ಶೈತ್ಯದಲ್ಲಿ ಕಾದಿಡಬೇಕು. ವರದಿಗೆ ಗಡುವು ಇರಬೇಕು, ತಪ್ಪು ಜಪ್ತಿಗೆ ಪರಿಹಾರವೂ ಇರಬೇಕು. ಕಾಯ್ದೆಯನ್ನು ಬೆಂಬಲಿಸುವವರಿಗೂ ವಿರೋಧಿಸುವವರಿಗೂ ಇದರಿಂದ ನಷ್ಟವಿಲ್ಲ.