ಭೋಗ್ಯದಿಂದ ಇಎಂಐವರೆಗೆ: ಮನೆ ಅಡಮಾನದ ನಿಜವಾದ ಬೆಲೆ

ಮನೆಯನ್ನೋ ಹೊಲವನ್ನೋ ಅಡವಿಟ್ಟು ಸಾಲ ತರುವ ವ್ಯವಹಾರದಲ್ಲಿ ಬಡ್ಡಿದರ ಎಲ್ಲರ ಕಣ್ಣಿಗೂ ಬೀಳುತ್ತದೆ. ಆ ಸಾಲ ಎಷ್ಟು ವರ್ಷ ಉಳಿಯುತ್ತದೆ, ಅಷ್ಟು ವರ್ಷದ ಲೆಕ್ಕ ಯಾರ ಕೈಯಲ್ಲಿರುತ್ತದೆ ಎಂಬುದು ಅಷ್ಟಾಗಿ ಬೀಳುವುದಿಲ್ಲ. ಭಾರತದಲ್ಲಿ ಅಡಮಾನದ ಚರಿತ್ರೆಯನ್ನು ಓದಿದರೆ, ಸಾಲಗಾರರು ಹೆಚ್ಚು ಕಳೆದುಕೊಂಡದ್ದು ದರದಿಂದಲ್ಲ, ಅವಧಿಯಿಂದ ಎಂಬುದು ಮತ್ತೆ ಮತ್ತೆ ಕಾಣುತ್ತದೆ. ಕಾನೂನು ಮಾಡಿದವರೂ ಇದನ್ನು ಬಹಳ ಹಿಂದೆಯೇ ಅರಿತಿದ್ದರು.

ಈ ವಿಷಯದ ಮುಖ್ಯ ಗ್ರಂಥವೊಂದು ಕನ್ನಡ ನೆಲದಲ್ಲೇ ಹುಟ್ಟಿತು. ಕಲ್ಯಾಣದ ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ (1076–1126) ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನ ಬರೆದ. ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣವೇ ಅಂದಿನ ಕಲ್ಯಾಣ. ಮಿತಾಕ್ಷರೆ ಹೆಸರಾದದ್ದು ಆಸ್ತಿ ಪಾಲಿನ ನಿಯಮಗಳಿಗಾಗಿ. ಆದರೆ ಅದರ ವ್ಯವಹಾರ ಭಾಗದಲ್ಲಿ ಸಾಲ, ಬಡ್ಡಿ, ಒತ್ತೆಗಳ ಚರ್ಚೆಯೂ ವಿವರವಾಗಿದೆ. ಒತ್ತೆಯಿಟ್ಟ ಸಾಲಕ್ಕೆ ತಿಂಗಳಿಗೆ ಅಸಲಿನ ಎಂಬತ್ತನೇ ಒಂದು ಭಾಗ ಬಡ್ಡಿ ಎಂದು ಸ್ಮೃತಿ ಹೇಳುತ್ತದೆ. ವರ್ಷಕ್ಕೆ ಶೇಕಡ 15 ಆಯಿತು. ಒತ್ತೆಯಿಲ್ಲದ ಸಾಲಕ್ಕೆ ಸಾಲಗಾರನ ವರ್ಣ ನೋಡಿ ತಿಂಗಳಿಗೆ ಶೇಕಡ 2ರಿಂದ 5. ಕಾಡುದಾರಿಯ ವ್ಯಾಪಾರಿಗೆ ತಿಂಗಳಿಗೆ ಶೇಕಡ 10, ಸಮುದ್ರಯಾನ ಮಾಡುವವನಿಗೆ 20. ಹಣ ಮುಳುಗುವ ಭಯ ಹೆಚ್ಚಿದಷ್ಟೂ ಬಡ್ಡಿ ಹೆಚ್ಚು ಎಂಬ ಲೆಕ್ಕ ಇಲ್ಲಿ ಸ್ಪಷ್ಟವಾಗಿದೆ. ಜೊತೆಗೆ ಬಡವನಾಗಿ ಕೆಳವರ್ಣದಲ್ಲಿ ಹುಟ್ಟಿದವನು ಅದೇ ಹಣಕ್ಕೆ ಎರಡೂವರೆ ಪಟ್ಟು ಬೆಲೆ ತೆರಬೇಕೆಂಬ ಅನ್ಯಾಯವೂ ಅಷ್ಟೇ ಸ್ಪಷ್ಟವಾಗಿದೆ.

ದರಕ್ಕಿಂತ ಮುಖ್ಯವಾದ ಎರಡು ನಿಯಮಗಳು ಇದರೊಂದಿಗೆ ಬರುತ್ತವೆ. ಮೊದಲನೆಯದು, ಬಡ್ಡಿ ಬೆಳೆಯುತ್ತ ಹೋಗಿ ಸಾಲ ಅಸಲಿನ ಎರಡರಷ್ಟಾದರೆ ಅಲ್ಲಿಗೆ ನಿಲ್ಲಬೇಕು. ಮುಂದೆ ದಾಮದುಪಟ್ ಎಂದು ಹೆಸರಾದ ನಿಯಮ ಇದೇ. ಎರಡನೆಯದು ಒತ್ತೆಗೆ ಸಂಬಂಧಿಸಿದ್ದು. ಸಾಲ ಇಮ್ಮಡಿಯಾದರೂ ಬಿಡಿಸಿಕೊಳ್ಳದ ಒತ್ತೆ ಸಾಲಗಾರನ ಕೈತಪ್ಪುತ್ತದೆ. ಆದರೆ ಫಲವನ್ನು ಸಾಲ ಕೊಟ್ಟವನು ಉಣ್ಣುತ್ತಿರುವ ಒತ್ತೆ, ಅಂದರೆ ಫಲಭೋಗ್ಯ, ಎಂದಿಗೂ ಕೈತಪ್ಪುವುದಿಲ್ಲ. ಎಷ್ಟು ಕಾಲ ಕಳೆದರೂ ಅಸಲು ಕೊಟ್ಟು ಬಿಡಿಸಿಕೊಳ್ಳಬಹುದು.

ಕರ್ನಾಟಕದ ಹಳ್ಳಿಗಳಲ್ಲಿ ಹೆಚ್ಚು ಕಾಲ ಉಳಿದದ್ದು ಈ ಭೋಗ್ಯವೇ. ಸಾಲಗಾರ ಹೊಲವನ್ನೋ ಮನೆಯನ್ನೋ ಸಾಹುಕಾರನ ಸ್ವಾಧೀನಕ್ಕೆ ಬಿಡುತ್ತಿದ್ದ. ಬೆಳೆ ಅಥವಾ ಬಾಡಿಗೆ ಬಡ್ಡಿಗೆ ವಜಾ ಆಗುತ್ತಿತ್ತು. ಕಾಗದದ ಮೇಲೆ ಬಡ್ಡಿಯೇ ಇಲ್ಲದಂತೆ ಕಾಣುವ ಸಾಲ ಇದು. 500 ರೂಪಾಯಿಗೆ ಭೋಗ್ಯ ಹಾಕಿದ ಹೊಲ ವರ್ಷಕ್ಕೆ 60 ರೂಪಾಯಿಯ ಬೆಳೆ ಕೊಟ್ಟಿತೆಂದುಕೊಂಡರೆ, ಮೂವತ್ತು ವರ್ಷದಲ್ಲಿ 1,800 ರೂಪಾಯಿ ಸಾಹುಕಾರನ ಮನೆ ಸೇರಿರುತ್ತದೆ, 500ರ ಅಸಲು ಹಾಗೆಯೇ ನಿಂತಿರುತ್ತದೆ. ದುಡಿಮೆಯ ಆಧಾರವಾದ ಹೊಲವೇ ಕೈಯಲ್ಲಿಲ್ಲದವನಿಗೆ ಆ 500 ಒಟ್ಟುಗೂಡುವುದು ಎಲ್ಲಿಂದ? ತಾತ ಭೋಗ್ಯ ಹಾಕಿದ್ದನ್ನು ಮೊಮ್ಮಗ ಬಿಡಿಸುವ ಸ್ಥಿತಿ ಹೀಗೆ ಬರುತ್ತಿತ್ತು. ಬಿಡಿಸಿಕೊಳ್ಳುವ ಹಕ್ಕು ಶಾಸ್ತ್ರದಲ್ಲಿ ಭದ್ರವಾಗಿತ್ತು, ಅದನ್ನು ಚಲಾಯಿಸುವ ಹಣ ಮನೆಯಲ್ಲಿರಲಿಲ್ಲ.

ಬ್ರಿಟಿಷರ ಆಳ್ವಿಕೆ ಹಳೆಯ ಮಿತಿಗಳನ್ನು ಸಡಿಲಿಸಿತು. 1855ರ ಕಾಯಿದೆಯೊಂದು ಬಡ್ಡಿಗೆ ಇದ್ದ ಗರಿಷ್ಠ ಮಿತಿಯನ್ನು ತೆಗೆದುಹಾಕಿ, ಇಬ್ಬರೂ ಒಪ್ಪಿದ ದರವೇ ದರ ಎಂದಿತು. ದಾಮದುಪಟ್ ಮುಂಬಯಿ ಇಲಾಖೆಯ ಹಿಂದೂ ಸಾಲಗಾರರಿಗೆ ಉಳಿಯಿತು. ಮದ್ರಾಸ್ ಇಲಾಖೆಯ ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಹಾಗಾಗಿ ಧಾರವಾಡದ ರೈತನಿಗೆ ಸಿಗುತ್ತಿದ್ದ ರಕ್ಷಣೆ ಬಳ್ಳಾರಿಯ ರೈತನಿಗೆ ಸಿಗುತ್ತಿರಲಿಲ್ಲ. ಓದು ಬಾರದ ರೈತ ಹೆಬ್ಬೆಟ್ಟು ಒತ್ತಿದ ಪತ್ರವನ್ನೇ ಹೊಸ ನ್ಯಾಯಾಲಯಗಳು ಕೊನೆಯ ಸಾಕ್ಷಿ ಎಂದು ಹಿಡಿದವು. ಬಾಕಿ ಬಡ್ಡಿಯನ್ನು ಅಸಲಿಗೆ ಸೇರಿಸಿ ಹೊಸ ಪತ್ರ ಬರೆಸುವುದು ಸಾಹುಕಾರನಿಗೆ ಸುಲಭವಾಯಿತು. ದುಪ್ಪಟ್ಟಿನ ಮಿತಿಯನ್ನೂ ಹಾಗೆಯೇ ದಾಟಬಹುದಿತ್ತು, ಏಕೆಂದರೆ ಪ್ರತಿ ಹೊಸ ಪತ್ರದೊಂದಿಗೆ ಅಸಲೇ ದೊಡ್ಡದಾಗುತ್ತಿತ್ತು.

1875ರ ಮೇ 12ರಂದು ಪುಣೆ ಜಿಲ್ಲೆಯ ಸೂಪಾ ಎಂಬ ಊರಿನ ಸಂತೆಯಲ್ಲಿ ಜನ ಸಾಹುಕಾರರ ಮೇಲೆ ತಿರುಗಿಬಿದ್ದರು. ಅವರು ಹುಡುಕಿದ್ದು ಸಾಲಪತ್ರಗಳನ್ನು, ಸುಟ್ಟಿದ್ದೂ ಅವನ್ನೇ. ದಂಗೆ ಪುಣೆ, ಅಹಮದ್‌ನಗರ ಜಿಲ್ಲೆಗಳ ಹಲವು ಹಳ್ಳಿಗಳಿಗೆ ಹಬ್ಬಿತು. ಸರಕಾರ ಆಯೋಗ ನೇಮಿಸಿತು. 1879ರಲ್ಲಿ ದಖ್ಖನ್ ಕೃಷಿಕರ ಪರಿಹಾರ ಕಾಯಿದೆ ಬಂತು. ಈ ಕಾಯಿದೆಗೆ ಅಡಮಾನದ ಚರಿತ್ರೆಯಲ್ಲಿ ಸಿಗಬೇಕಾದಷ್ಟು ಗೌರವ ಸಿಕ್ಕಿಲ್ಲ. ಪತ್ರದಲ್ಲಿ ಏನೇ ಬರೆದಿರಲಿ, ವ್ಯವಹಾರದ ಮೊದಲ ದಿನದಿಂದ ಲೆಕ್ಕ ತೆಗೆಯಬೇಕೆಂದು ಅದು ನ್ಯಾಯಾಧೀಶನಿಗೆ ಆದೇಶಿಸಿತು. ಅಸಲಿಗೊಂದು, ಬಡ್ಡಿಗೊಂದು ಬೇರೆ ಬೇರೆ ಲೆಕ್ಕ ಬರೆಯಬೇಕು. ಬಡ್ಡಿಯನ್ನು ಅಸಲಿಗೆ ಸೇರಿಸಿದ್ದರೆ ಅದನ್ನು ತೆಗೆದುಹಾಕಬೇಕು. ಹಳೆಯ ಪತ್ರಗಳ ಹಿಂದೆ ಹೋಗಿ, ನಿಜವಾಗಿ ಕೈಸೇರಿದ ಹಣ ಎಷ್ಟೆಂದು ಕೇಳುವ ಅಧಿಕಾರ ಹೀಗೆ ನ್ಯಾಯಾಲಯಕ್ಕೆ ಬಂತು. ಮೊದಲು ನಾಲ್ಕು ಜಿಲ್ಲೆಗಳಿಗೆ ಸೀಮಿತವಾಗಿದ್ದ ಕಾಯಿದೆ ಮುಂದೆ ಇಲಾಖೆಯ ಉಳಿದ ಭಾಗಕ್ಕೂ, ಅಂದರೆ ಧಾರವಾಡ, ಬೆಳಗಾವಿ, ಬಿಜಾಪುರಗಳಿಗೂ ಬಂತು.

1882ರ ಆಸ್ತಿ ವರ್ಗಾವಣೆ ಕಾಯಿದೆ ಇಂದಿಗೂ ಅಡಮಾನದ ಮೂಲ ಕಾನೂನು. ಅದರ 58ನೇ ಕಲಮು ಅಡಮಾನದ ಬಗೆಗಳನ್ನು ವಿವರಿಸುತ್ತದೆ. ಭೋಗ್ಯ, ಷರತ್ತಿನ ಕ್ರಯ, ಹಕ್ಕುಪತ್ರ ಠೇವಣಿ ಎಲ್ಲವೂ ಅಲ್ಲಿವೆ. 60ನೇ ಕಲಮು ಸಾಲ ತೀರಿಸಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕನ್ನು ಕೊಡುತ್ತದೆ. ಆ ಹಕ್ಕಿಗೆ ಕಾಲಮಿತಿ ಮೊದಲು 60 ವರ್ಷವಿತ್ತು, 1963ರ ಕಾಯಿದೆ ಅದನ್ನು 30ಕ್ಕೆ ಇಳಿಸಿತು. ಭೋಗ್ಯಕ್ಕೆ ಈ ಮಿತಿ ಹೇಗೆ ಅನ್ವಯಿಸುತ್ತದೆಂಬ ವಿವಾದ ಬಹಳ ಕಾಲ ನಡೆಯಿತು. 2014ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟು, ಭೋಗ್ಯದ ಅಡಮಾನದಲ್ಲಿ ಕಾಲಮಿತಿ ಪತ್ರ ಬರೆದ ದಿನದಿಂದ ಶುರುವಾಗುವುದಿಲ್ಲ, ವರ್ಷಗಳು ಉರುಳಿದ ಮಾತ್ರಕ್ಕೆ ಸಾಲ ಕೊಟ್ಟವನು ಒಡೆಯನಾಗುವುದಿಲ್ಲ ಎಂದಿತು. ಮಿತಾಕ್ಷರೆ ವ್ಯಾಖ್ಯಾನಿಸಿದ ನಿಯಮಕ್ಕೂ ಈ ತೀರ್ಪಿಗೂ ಒಂಬೈನೂರು ವರ್ಷಗಳ ಅಂತರವಿದೆ, ತಿರುಳು ಒಂದೇ.

ಸಾಹುಕಾರನನ್ನು ಬಿಟ್ಟು ಬೇರೆ ದಾರಿ ಹುಡುಕುವ ಕೆಲಸ ಇಪ್ಪತ್ತನೇ ಶತಮಾನದ ಮೊದಲ ವರ್ಷಗಳಲ್ಲಿ ಶುರುವಾಯಿತು. 1905ರಲ್ಲಿ ಗದಗ ಬಳಿಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕೃಷಿ ಸಹಕಾರ ಸಂಘ ಕಟ್ಟಿದರು. ಮನೆಯ ವಿಷಯದಲ್ಲಿ ಮುಂಬಯಿಯ ಗಾಂದೇವಿಯ ಸಾರಸ್ವತ ಸಹಕಾರಿ ಗೃಹ ಸಂಘ (1915) ಹೆಸರುವಾಸಿ. ಅದನ್ನು ಕಟ್ಟಿದ ಶ್ರೀಪಾದ ಸುಬ್ರಾವ್ ತಲ್ಮಕಿ ಕೆನರಾ ಕರಾವಳಿಯಿಂದ ಹೋದ ಚಿತ್ರಾಪುರ ಸಾರಸ್ವತ ಸಮುದಾಯದವರು. ಆದರೆ ಸಹಕಾರ ಸಂಘಗಳ ಸಾಲ ಎಲ್ಲರಿಗೂ ಎಟುಕುತ್ತಿರಲಿಲ್ಲ. 1976ರಲ್ಲಿ ದೇವರಾಜ ಅರಸು ಸರಕಾರ ಋಣ ಪರಿಹಾರ ಕಾಯಿದೆ ತಂದು ಸಣ್ಣ ರೈತರು, ಭೂಹೀನ ಕೂಲಿಗಳು ಮತ್ತು ದುರ್ಬಲ ವರ್ಗದವರು ಖಾಸಗಿಯವರಿಂದ ಪಡೆದ ಸಾಲ ಮನ್ನಾ ಮಾಡಬೇಕಾಗಿ ಬಂತೆಂದರೆ, ಸಾಹುಕಾರಿ ಆಗಲೂ ಎಷ್ಟು ಬಲವಾಗಿತ್ತೆಂದು ಊಹಿಸಬಹುದು.

ಮಧ್ಯಮ ವರ್ಗದ ಮನೆಸಾಲ ಒಂದು ಉದ್ಯಮವಾದದ್ದು 1977ರಲ್ಲಿ, ಎಚ್‌.ಟಿ. ಪಾರೇಖ್ ಮುಂಬಯಿಯಲ್ಲಿ ಎಚ್‌ಡಿಎಫ್‌ಸಿ ಸ್ಥಾಪಿಸಿದ ಮೇಲೆ. 1987ರಲ್ಲಿ ಕೆನರಾ ಬ್ಯಾಂಕ್ ಬೆಂಗಳೂರಿನಲ್ಲಿ ಕ್ಯಾನ್‌ಫಿನ್ ಹೋಮ್ಸ್ ಆರಂಭಿಸಿತು. 1988ರಲ್ಲಿ ರಾಷ್ಟ್ರೀಯ ಗೃಹ ಬ್ಯಾಂಕ್ ಬಂತು. ಈಗ ಮನೆ ಸಾಲಗಾರನ ಸ್ವಾಧೀನದಲ್ಲೇ ಉಳಿಯುತ್ತದೆ, ಮೂಲ ಕ್ರಯಪತ್ರ ಮಾತ್ರ ಹಕ್ಕುಪತ್ರ ಠೇವಣಿಯಾಗಿ ಬ್ಯಾಂಕಿನ ಕಪಾಟು ಸೇರುತ್ತದೆ. ಅಸಲು, ಬಡ್ಡಿ ಎರಡೂ ಸೇರಿದ ಸಮ ಮಾಸಿಕ ಕಂತು, ಅಂದರೆ ಇಎಂಐ, ಹೊಸ ಲೆಕ್ಕದ ಕೀಲಿ. ಭೋಗ್ಯದಂತೆ ಇದರಲ್ಲಿ ಅಸಲು ನಿಂತಲ್ಲೇ ನಿಲ್ಲುವುದಿಲ್ಲ, ಸಾಲಕ್ಕೊಂದು ಕೊನೆಯ ದಿನವಿದೆ. ಇದು ದೊಡ್ಡ ಸುಧಾರಣೆ, ಅನುಮಾನವಿಲ್ಲ.

ಹಾಗಿದ್ದರೂ ಲೆಕ್ಕ ಕಟ್ಟುವ ಬಗೆಯಲ್ಲೇ ಹಣ ಅಡಗಿರುತ್ತಿತ್ತು. ಆರಂಭದ ದಶಕಗಳಲ್ಲಿ ಹಲವು ಗೃಹಸಾಲ ಸಂಸ್ಥೆಗಳು ವರ್ಷದ ಆರಂಭದ ಬಾಕಿಯ ಮೇಲೆ ಇಡೀ ವರ್ಷದ ಬಡ್ಡಿ ಹಾಕುತ್ತಿದ್ದವು. ತಿಂಗಳು ತಿಂಗಳು ಕಟ್ಟಿದ ಅಸಲು ವರ್ಷದ ಕೊನೆಗಷ್ಟೇ ಜಮೆಯಾಗುತ್ತಿತ್ತು. ಶೇಕಡ 13ರ ದರದಲ್ಲಿ 15 ವರ್ಷಕ್ಕೆ ಪಡೆದ ಒಂದು ಲಕ್ಷಕ್ಕೆ ಈ ಪದ್ಧತಿಯಲ್ಲಿ ಕಂತು ಸುಮಾರು 1,290 ರೂಪಾಯಿ, ಪ್ರತಿ ತಿಂಗಳ ಬಾಕಿಯ ಮೇಲೆ ಲೆಕ್ಕ ಹಾಕಿದರೆ 1,265. ದರ ಒಂದೇ, ಆದರೂ ಒಟ್ಟು ನಾಲ್ಕು ಸಾವಿರ ರೂಪಾಯಿಗೂ ಮಿಕ್ಕಿದ ವ್ಯತ್ಯಾಸ.

ಇಂದಿನ ಲೆಕ್ಕವೊಂದನ್ನು ಬಿಡಿಸಿ ನೋಡಬಹುದು. 50 ಲಕ್ಷ ಸಾಲ, ಶೇಕಡ 8.5 ಬಡ್ಡಿ, 20 ವರ್ಷ. ತಿಂಗಳ ಕಂತು 43,391 ರೂಪಾಯಿ. ಮೊದಲ ಕಂತಿನಲ್ಲಿ 35,417 ಬಡ್ಡಿಗೆ ಹೋಗುತ್ತದೆ, ಅಸಲಿಗೆ ಸೇರುವುದು 7,974 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದರೆ 26 ಲಕ್ಷ ಕೊಟ್ಟಂತಾಯಿತು, ಅಸಲು ಇಳಿದದ್ದು ಆರು ಲಕ್ಷಕ್ಕೂ ಕಡಿಮೆ. ಅಸಲಿನ ಅರ್ಧ ತೀರುವ ಹೊತ್ತಿಗೆ ಹದಿನಾಲ್ಕನೇ ವರ್ಷ ಮುಗಿಯುತ್ತ ಬಂದಿರುತ್ತದೆ. ಕೊನೆಗೆ ಕಟ್ಟಿದ ಒಟ್ಟು ಮೊತ್ತ 1 ಕೋಟಿ 4 ಲಕ್ಷ. ಬಡ್ಡಿಯೇ 54 ಲಕ್ಷ. ಅದೇ ಸಾಲವನ್ನು 30 ವರ್ಷಕ್ಕೆ ಹಂಚಿದರೆ ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಸುಮಾರು ಐದು ಸಾವಿರ ಉಳಿಯಿತೆಂಬ ಸಮಾಧಾನ, ಅದಕ್ಕೆ ತೆರುವ ಹೆಚ್ಚುವರಿ ಬಡ್ಡಿ 34 ಲಕ್ಷ.

ಬಡ್ಡಿ ಅಸಲನ್ನು ಮೀರಿತಲ್ಲ, ದಾಮದುಪಟ್ ಇದ್ದಿದ್ದರೆ ತಡೆಯುತ್ತಿತ್ತೇ? ಇಲ್ಲ. ಹಳೆಯ ನಿಯಮ ಒಂದೇ ಸಲಕ್ಕೆ ವಸೂಲು ಮಾಡುವ ಬಾಕಿ ಬಡ್ಡಿಗೆ ಮಾತ್ರ ಅನ್ವಯಿಸುತ್ತಿತ್ತು. ತಿಂಗಳು ತಿಂಗಳು ಕೊಟ್ಟ ಬಡ್ಡಿಗೆ ಆ ಕಾಲದಲ್ಲೂ ಮಿತಿಯಿರಲಿಲ್ಲ. ತಪ್ಪದೆ ಕಂತು ಕಟ್ಟುವವನಿಗೆ ಆ ಧರ್ಮಶಾಸ್ತ್ರದಲ್ಲೂ ಆಸರೆ ಇರಲಿಲ್ಲ. ಹಣದುಬ್ಬರವನ್ನೂ ಇಲ್ಲಿ ಗಣಿಸಬೇಕು: ಇಪ್ಪತ್ತನೇ ವರ್ಷದ 43 ಸಾವಿರಕ್ಕೆ ಇಂದಿನ 43 ಸಾವಿರದ ಬೆಲೆಯಿರುವುದಿಲ್ಲ. ವಾಸದ ಮನೆಯ ಬಡ್ಡಿಗೆ 2014ರಿಂದ ವರ್ಷಕ್ಕೆ 2 ಲಕ್ಷದವರೆಗೆ ಇದ್ದ ತೆರಿಗೆ ವಿನಾಯಿತಿ ಹೊಸ ತೆರಿಗೆ ಪದ್ಧತಿಯಲ್ಲಿ ಸಿಗುವುದಿಲ್ಲ.

ಬದಲಾಗುವ ಬಡ್ಡಿದರ ಈ ಲೆಕ್ಕವನ್ನೂ ಅಲುಗಾಡಿಸುತ್ತದೆ. ರಿಸರ್ವ್ ಬ್ಯಾಂಕ್ ದರ ಇಳಿಸಿದಾಗ ಹೊಸಬರಿಗೆ ಕಡಿಮೆ ದರ, ಹಳೆಯ ಸಾಲಗಾರರಿಗೆ ಹಳೆಯ ದರವೇ ಎಂಬ ದೂರು ವರ್ಷಗಟ್ಟಲೆ ಇತ್ತು. 2010ರಲ್ಲಿ ಮೂಲದರ, 2016ರಲ್ಲಿ ಎಂಸಿಎಲ್‌ಆರ್ ಎಂಬ, ಬ್ಯಾಂಕುಗಳು ತಮ್ಮ ವೆಚ್ಚ ನೋಡಿ ದರ ಕಟ್ಟುವ ಪದ್ಧತಿಗಳು ಬಂದರೂ ಆ ದೂರು ತೀರಲಿಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಹೊಸ ಮನೆಸಾಲವನ್ನು ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರದಂಥ ಹೊರಗಿನ ದರಕ್ಕೆ ಜೋಡಿಸಲೇಬೇಕಾಯಿತು. ಅದಕ್ಕೂ ಮೊದಲು, 2012ರಲ್ಲಿ, ಬದಲಾಗುವ ದರದ ಮನೆಸಾಲವನ್ನು ಅವಧಿಗೆ ಮೊದಲೇ ತೀರಿಸುವವರಿಗೆ ಬ್ಯಾಂಕುಗಳು ದಂಡ ಹಾಕುವುದನ್ನು ರಿಸರ್ವ್ ಬ್ಯಾಂಕ್ ನಿಲ್ಲಿಸಿತ್ತು.

2020ರ ಮೇ ತಿಂಗಳಲ್ಲಿ ಶೇಕಡ 4ಕ್ಕೆ ಇಳಿದಿದ್ದ ರೆಪೊ 2023ರ ಫೆಬ್ರವರಿ ಹೊತ್ತಿಗೆ 6.5 ಮುಟ್ಟಿತು. ಇಂಥ ಏರಿಕೆಯಲ್ಲಿ ಕಂತು ಮುಟ್ಟದೆ ಅವಧಿ ಹಿಗ್ಗಿಸಿದರೆ ಆಗುವುದಿಷ್ಟು: ಶೇಕಡ 6.7ರಲ್ಲಿ 20 ವರ್ಷಕ್ಕೆ 50 ಲಕ್ಷ ಪಡೆದು 37,870ರಂತೆ ಹದಿನೆಂಟು ಕಂತು ಕಟ್ಟಿದವರ ಬಾಕಿ ಸುಮಾರು 48 ಲಕ್ಷ. ದರ 9.2 ಆದರೆ ಅದರ ತಿಂಗಳ ಬಡ್ಡಿಯೇ 36,900ರಷ್ಟು. ಅಸಲಿಗೆ ಸಾವಿರ ರೂಪಾಯಿಯೂ ಉಳಿಯುವುದಿಲ್ಲ. ಹದಿನೆಂಟೂವರೆ ವರ್ಷದಲ್ಲಿ ತೀರಬೇಕಿದ್ದ ಸಾಲಕ್ಕೆ ಅದೇ ಕಂತಿನಲ್ಲಿ ಇನ್ನೂ ನಲವತ್ತು ವರ್ಷ ಬೇಕು. ಅಸಲು ಅಲುಗದೆ ನಿಲ್ಲುವ ಭೋಗ್ಯದ ಸ್ಥಿತಿಗೆ ಇದು ತೀರಾ ಸಮೀಪ.

2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಇದಕ್ಕೆ ನಿಯಮ ಮಾಡಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಮಾಡಬೇಕೋ ಎಂಬ ಆಯ್ಕೆ ಸಾಲಗಾರನದು. ಅವಧಿ ಎಷ್ಟೇ ಹಿಗ್ಗಿದರೂ ಕಂತು ಬಡ್ಡಿಗಿಂತ ಕಡಿಮೆಯಾಗಿ ಬಾಕಿ ಬೆಳೆಯಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ತಃಖ್ತೆಯಲ್ಲಿ ಈವರೆಗೆ ವಸೂಲಾದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಎಲ್ಲ ಇರಬೇಕು. 1879ರ ಕಾಯಿದೆ ಕೇಳಿದ್ದ ಬೇರೆ ಬೇರೆ ಲೆಕ್ಕ ಈಗ ನ್ಯಾಯಾಲಯದ ಮೆಟ್ಟಿಲೇರದೆ ಸಾಲಗಾರನ ಕೈಗೆ ಬರುತ್ತದೆ. 2024ರ ಅಕ್ಟೋಬರ್ 1ರಿಂದ ಸಾಲಕ್ಕೆ ಸಹಿ ಹಾಕುವ ಮೊದಲೇ ಬಡ್ಡಿ, ಶುಲ್ಕಗಳೆಲ್ಲ ಸೇರಿದ ವಾರ್ಷಿಕ ದರವನ್ನೂ ಮರುಪಾವತಿಯ ಪಟ್ಟಿಯನ್ನೂ ಸಾಲಗಾರನಿಗೆ ತಿಳಿಸುವುದು ಕಡ್ಡಾಯ.

ಭೋಗ್ಯ ಮಾತ್ರ ಬೆಂಗಳೂರಿನ ಬೀದಿಗಳಲ್ಲಿ ರೂಪ ಬದಲಿಸಿಕೊಂಡು ಉಳಿದಿದೆ. ಇಲ್ಲಿ ಇಡಿಗಂಟು ಕೊಡುವವರು ಮನೆ ಹಿಡಿಯುವವರೇ. ಬಾಡಿಗೆಯಿಲ್ಲದೆ ಎರಡು ಮೂರು ವರ್ಷ ವಾಸಿಸಿ ಗಂಟನ್ನು ಹಿಂದಕ್ಕೆ ಪಡೆಯುತ್ತಾರೆ. 10 ಲಕ್ಷಕ್ಕೆ ಶೇಕಡ 7ರಂತೆ ಕೈಬಿಟ್ಟ ಬಡ್ಡಿ ಲೆಕ್ಕ ಹಾಕಿದರೆ ಅವರು ತಿಂಗಳಿಗೆ 5,800 ರೂಪಾಯಿಯಷ್ಟು ಬಾಡಿಗೆ ಕೊಟ್ಟಂತೆ. ಅದೇ ಮನೆ ಮೊದಲೇ ಬ್ಯಾಂಕಿಗೆ ಅಡಮಾನವಾಗಿದ್ದರೆ ಇಡೀ ಗಂಟಿಗೇ ಕುತ್ತು ಬರಬಹುದು. ಋಣಭಾರ ಪತ್ರ ತೆಗೆಸಿ ನೋಡದೆ, ಕರಾರನ್ನು ನೋಂದಾಯಿಸದೆ ಹಣ ಕೊಡುವವರು ಇಂದಿಗೂ ಬಹಳ ಮಂದಿ.

ಬ್ಯಾಂಕಿನ ಸಾಲ ಪೂರ್ತಿ ತೀರಿದರೆ 30 ದಿನದೊಳಗೆ ಮೂಲಪತ್ರಗಳನ್ನು ಹಿಂದಿರುಗಿಸಬೇಕು, ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಹಕ್ಕುಪತ್ರ ಠೇವಣಿಯನ್ನು ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಿದ್ದರೆ ಅಲ್ಲಿ ಬಿಡುಗಡೆ ಪತ್ರವೂ ದಾಖಲಾಗಬೇಕು. ಅಲ್ಲಿಯವರೆಗೆ ಋಣಭಾರ ಪತ್ರದಲ್ಲಿ ತೀರಿದ ಸಾಲವೂ ಬಾಕಿಯೆಂದೇ ಕಾಣುತ್ತದೆ.