ಹಳಿ ಬಂತು, ಹಳಿ ಹೋಯಿತು

1869ರ ಮೇ 10ರಂದು ಅಮೆರಿಕದ ಯೂಟಾದಲ್ಲಿ, ಪ್ರೊಮಾಂಟರಿ ಎಂಬ ಬಯಲಲ್ಲಿ, ಪೂರ್ವದ ಯೂನಿಯನ್ ಪೆಸಿಫಿಕ್ ಮತ್ತು ಪಶ್ಚಿಮದ ಸೆಂಟ್ರಲ್ ಪೆಸಿಫಿಕ್ ಹಳಿಗಳು ಕೂಡಿದವು. ಚಿನ್ನದ ಮೊಳೆಯ ಆ ಸಮಾರಂಭವನ್ನು ಚರಿತ್ರೆ ಮರೆತಿಲ್ಲ. ಮರೆತದ್ದು ಅಲ್ಲಿ ಹುಟ್ಟಿದ ಊರನ್ನು.

ಮೊದಲು ಎದ್ದದ್ದು ಡೇರೆಗಳು, ಹೆಂಡದಂಗಡಿಗಳು, ಜೂಜಿನ ಅಡ್ಡೆಗಳು. ವರ್ಷ ತುಂಬುವುದರೊಳಗೆ ಎರಡು ಕಂಪನಿಗಳ ಸಂಧಿಸ್ಥಾನ ಆಗ್ಡೆನ್ ಪಟ್ಟಣಕ್ಕೆ ಹೋಯಿತು, ಡೇರೆಗಳೂ ಹೊರಟವು. ಉಳಿದವರು ದುಡಿಯುವವರು: ಏರು ಹತ್ತುವ ಗಾಡಿಗಳಿಗೆ ಹೆಚ್ಚುವರಿ ಎಂಜಿನ್ ಜೋಡಿಸುವವರು, ಹಳಿ ಕಾಯುವ ಚೀನೀ ಕಾರ್ಮಿಕರು. ನೀರಿಲ್ಲದ ನೆಲ, ಕುಡಿಯುವ ನೀರೂ ರೈಲಿನಲ್ಲೇ ಬರಬೇಕಿತ್ತು.

1904ರಲ್ಲಿ ಗ್ರೇಟ್ ಸಾಲ್ಟ್ ಲೇಕ್ ಸರೋವರದ ಮೇಲೆಯೇ ಹಾದುಹೋಗುವ ಲೂಸಿನ್ ಒಳದಾರಿ ತೆರೆಯಿತು. ದೂರದ ಗಾಡಿಗಳೆಲ್ಲ ಅತ್ತ ತಿರುಗಿದವು; ಪ್ರೊಮಾಂಟರಿ ಕವಲುದಾರಿಯ ನಿಲ್ದಾಣವಾಯಿತು. 1942ರಲ್ಲಿ, ಯುದ್ಧಕ್ಕೆ ಉಕ್ಕು ಬೇಕೆಂದು, ಇದ್ದ ಹಳಿಯನ್ನೂ ಕಿತ್ತರು.

ಈ ಊರಿಗೆ ಪುರಸಭೆಯಿರಲಿಲ್ಲ, ಮೇಯರ್ ಇರಲಿಲ್ಲ. ಬೇಡವೆನ್ನಲು ಅದಕ್ಕೊಂದು ದನಿಯೇ ಇರಲಿಲ್ಲ. ಹಳಿ ಎಲ್ಲಿ ಹೋಗಬೇಕೆಂದು ಕಂಪನಿ ನಿರ್ಧರಿಸಿತು, ಊರು ಎಲ್ಲಿರಬೇಕೆಂಬುದೂ ಅದರಲ್ಲೇ ತೀರ್ಮಾನವಾಯಿತು. ಇಂದು ಅಲ್ಲಿ ರಾಷ್ಟ್ರೀಯ ಐತಿಹಾಸಿಕ ಉದ್ಯಾನವಿದೆ. ಹಳೆಯ ಎಂಜಿನ್‌ಗಳ ಪ್ರತಿಕೃತಿಗಳು ಮತ್ತೆ ಹಾಸಿದ ತುಂಡು ಹಳಿಯ ಮೇಲೆ ಎದುರುಬದುರು ನಿಲ್ಲುತ್ತವೆ. ಸಮಾರಂಭ ಮರಳಿದೆ, ಊರು ಮರಳಿಲ್ಲ.