ಅಡೋಲ್ಫೋ ಚೆಲಿ: ಎರಡು ಭಾಷೆಗಳ ನಟ, ಬಾಂಡ್ ಚಿತ್ರದಲ್ಲಿ ಎರವಲು ದನಿ

ಜೇಮ್ಸ್ ಬಾಂಡ್ ಸರಣಿಯ ನಾಲ್ಕನೆಯ ಚಿತ್ರ 'ಥಂಡರ್‌ಬಾಲ್' (1965) ನೋಡಿದವರು ಅದರ ಖಳನಾಯಕ ಎಮಿಲಿಯೋ ಲಾರ್ಗೋನನ್ನು ಸುಲಭವಾಗಿ ಮರೆಯಲಾರರು. ಬೆಳ್ಳಿಗೂದಲು, ಒಂದು ಕಣ್ಣಿಗೆ ಕಪ್ಪುಪಟ್ಟಿ, ಮನೆಯ ಕೊಳದಲ್ಲಿ ಸಾಕಿದ ಶಾರ್ಕ್ ಮೀನುಗಳು. ಆ ಪಾತ್ರವನ್ನು ನಿರ್ವಹಿಸಿದವರು ಇಟಲಿಯ ನಟ ಅಡೋಲ್ಫೋ ಚೆಲಿ. ಆದರೆ ತೆರೆಯ ಮೇಲೆ ಕೇಳಿಬರುವ ಇಂಗ್ಲಿಷ್ ಕಂಠ ಅವರದಲ್ಲ. ಇಟಾಲಿಯನ್ ಮೂಲದ ಬ್ರಿಟಿಷ್ ನಟ ರಾಬರ್ಟ್ ರಿಯೆಟ್ಟಿ ಅವರದು. ಇಟಾಲಿಯನ್ ಮತ್ತು ಪೋರ್ಚುಗೀಸ್ ಎಂಬ ಎರಡು ಭಾಷೆಗಳ ರಂಗಭೂಮಿಯಲ್ಲಿ ದುಡಿದು, ಒಂದು ದೇಶದ ನಾಟಕಕಲೆಯ ದಿಕ್ಕನ್ನೇ ಬದಲಿಸಿದವರಲ್ಲಿ ಒಬ್ಬರಾದ ಕಲಾವಿದ ಜಗತ್ತಿಗೆ ಪರಿಚಿತರಾದದ್ದು ಮಾತ್ರ ಎರವಲು ದನಿಯಲ್ಲಿ.

ಚೆಲಿ ಜನಿಸಿದ್ದು 1922ರ ಜುಲೈ 27ರಂದು, ಸಿಸಿಲಿ ದ್ವೀಪದ ಮೆಸ್ಸೀನಾದಲ್ಲಿ. ರೋಮ್ ನಗರದ ರಾಷ್ಟ್ರೀಯ ನಾಟಕ ಅಕಾಡೆಮಿಯಲ್ಲಿ ಅವರ ಶಿಕ್ಷಣ ನಡೆಯಿತು. ಮುಂದೆ ಇಟಲಿಯ ಮೇರುನಟರೆನಿಸಿದ ವಿತ್ತೋರಿಯೋ ಗಾಸ್‌ಮನ್, ನಿರ್ದೇಶಕ ಲೂಚಿಯಾನೋ ಸಾಲ್ಚೆ ಅಲ್ಲಿನ ಒಡನಾಡಿಗಳು. ಯುದ್ಧ ಮುಗಿದ ಕೂಡಲೇ ಚಿತ್ರರಂಗ ಪ್ರವೇಶಿಸಿದ ಚೆಲಿ, ಲೂಯಿಜಿ ಕೊಮೆಂಚಿನಿ ನಿರ್ದೇಶನದ 'ಪ್ರೊಯಿಬೀತೋ ರುಬಾರೆ' (1948) ಚಿತ್ರದಲ್ಲಿ ನೇಪಲ್ಸ್‌ನ ಬೀದಿಮಕ್ಕಳ ನಡುವೆ ದುಡಿಯುವ ಪಾದ್ರಿಯಾಗಿ ಗಮನ ಸೆಳೆದರು. ನಟ ಆಲ್ದೋ ಫಾಬ್ರಿಜಿ ಅವರ 'ಎಮಿಗ್ರಾಂತೆಸ್' ಚಿತ್ರಕ್ಕಾಗಿ ಅರ್ಜೆಂಟೀನಕ್ಕೆ ಹೊರಟ ಅವರು ಕೂಡಲೇ ತಾಯ್ನಾಡಿಗೆ ಮರಳಲಿಲ್ಲ. ದಕ್ಷಿಣ ಅಮೆರಿಕದಲ್ಲಿಯೇ ಹನ್ನೆರಡಕ್ಕೂ ಹೆಚ್ಚು ವರ್ಷ ಕಳೆದುಹೋದವು.

ಬ್ರೆಜಿಲ್ ಪರ್ವ

ಸಾವೊ ಪೌಲೋ ನಗರದಲ್ಲಿ ಇಟಾಲಿಯನ್ ವಲಸಿಗರು ನೆಲೆಸಿದ್ದ ಬೇಲಾ ವಿಸ್ತಾ ಬಡಾವಣೆಯಲ್ಲಿ 1948ರಲ್ಲಿ 'ತಿಯಾತ್ರೋ ಬ್ರಾಸಿಲೈರೋ ದಿ ಕಮೇದಿಯಾ' (ಟಿಬಿಸಿ) ಎಂಬ ರಂಗಮಂದಿರ ಆರಂಭವಾಗಿತ್ತು. ಸ್ಥಾಪಕರು ಇಟಲಿಯಿಂದ ವಲಸೆ ಬಂದ ಎಂಜಿನಿಯರ್ ಫ್ರಾಂಕೋ ಜಾಂಪಾರಿ. ಹವ್ಯಾಸಿ ತಂಡಗಳಿಗೆ ವೇದಿಕೆ ಒದಗಿಸುವುದಷ್ಟೇ ಮೊದಲ ಉದ್ದೇಶ. 1949ರಲ್ಲಿ ಇಪ್ಪತ್ತೇಳರ ಹರೆಯದ ಚೆಲಿ ಕಲಾ ನಿರ್ದೇಶಕರಾಗಿ ಬಂದ ಮೇಲೆ ಅದು ವೇತನ ನೀಡುವ ವೃತ್ತಿಪರ ಕಂಪನಿಯಾಯಿತು. ಅದುವರೆಗೆ ಬ್ರೆಜಿಲಿನ ನಾಟಕ ಕಂಪನಿಗಳಲ್ಲಿ ಪ್ರಧಾನ ನಟನೇ ಸರ್ವಸ್ವ. ಅವನ ಸುತ್ತ ಉಳಿದವರು ನಿಲ್ಲುತ್ತಿದ್ದರು. ಚೆಲಿ ಹಾಗೂ ಅವರ ಬೆನ್ನಿಗೆ ಬಂದ ಸಾಲ್ಚೆ, ರುಜ್ಜೆರೋ ಯಾಕೊಬ್ಬಿ ಮೊದಲಾದ ಇಟಾಲಿಯನ್ನರು ಪ್ರಯೋಗದ ಹೊಣೆಯನ್ನು ನಿರ್ದೇಶಕನ ಕೈಗೆ ತಂದರು. ಪಠ್ಯದ ವಿಶ್ಲೇಷಣೆ, ದೀರ್ಘ ತಾಲೀಮು, ಸಮೂಹ ಅಭಿನಯ ರೂಢಿಗೆ ಬಂದವು.

ವಿಲಿಯಂ ಸರೋಯನ್ ನಾಟಕವನ್ನು ಆಧರಿಸಿದ 'ನಿಕ್ ಬಾರ್' (1949) ಚೆಲಿಯವರ ಮೊದಲ ಯಶಸ್ಸು. ಅನಂತರ ಸಾರ್ತ್ರ್‌ನ 'ಹ್ವೀ ಕ್ಲೋ', ತಮ್ಮದೇ ದ್ವೀಪದ ಪಿರಾಂದೆಲ್ಲೋನ 'ಕರ್ತೃವನ್ನು ಅರಸುತ್ತಿರುವ ಆರು ಪಾತ್ರಗಳು' ಪೋರ್ಚುಗೀಸ್ ರೂಪದಲ್ಲಿ ರಂಗಕ್ಕೆ ಬಂದವು. 1952ರಲ್ಲಿ ಸೊಫೋಕ್ಲಿಸ್ ಮತ್ತು ಆನೂಯಿ ಬರೆದ ಎರಡು 'ಆಂಟಿಗನಿ'ಗಳನ್ನು ಒಟ್ಟಾಗಿ ಪ್ರದರ್ಶಿಸಿದ್ದು ಇಂದಿಗೂ ಧೈರ್ಯದ ಪ್ರಯೋಗವೆಂದೇ ತೋರುತ್ತದೆ. ಕಸೀಲ್ದಾ ಬೆಕ್ಕರ್, ಪೌಲೋ ಔತ್ರಾನ್, ಸೆರ್ಜಿಯೋ ಕಾರ್ದೋಜೋ ಮುಂತಾದ ಅತಿಶ್ರೇಷ್ಠ ನಟವರ್ಗ ಈ ಗರಡಿಯಲ್ಲಿಯೇ ಪಳಗಿತು. ಟಿಬಿಸಿ ಯುರೋಪಿನ ಅಭಿರುಚಿಯನ್ನು ಸಿರಿವಂತ ಪ್ರೇಕ್ಷಕರಿಗೆ ಉಣಬಡಿಸುತ್ತಿದೆ, ನೆಲದ ನಾಟಕಕಾರರನ್ನು ಕಡೆಗಣಿಸಿದೆ ಎಂಬ ಆಕ್ಷೇಪಣೆ ಮುಂದಿನ ಪೀಳಿಗೆಯಿಂದ ಬಂತು. ಅದು ನಿರಾಧಾರವಲ್ಲ. ಆದರೆ ಆಕ್ಷೇಪಿಸಿದ ಪೀಳಿಗೆಗೂ ವೃತ್ತಿಶಿಸ್ತು ಬಳುವಳಿಯಾಗಿ ದೊರೆತದ್ದು ಇಲ್ಲಿಂದಲೇ ಎಂಬುದನ್ನು ಅಲ್ಲಗಳೆಯಲಾಗದು.

ಜಾಂಪಾರಿ ಪಾಲುದಾರರಾಗಿದ್ದ ವೇರಾ ಕ್ರೂಜ್ ಚಿತ್ರಸಂಸ್ಥೆಯ ಮೊದಲ ಚಿತ್ರ 'ಕೈಸಾರಾ' (1950) ಚೆಲಿಯವರ ನಿರ್ದೇಶನದ್ದು. ಸಂಗೀತಗಾರ ಜೆಕೀನ್ಯ ದಿ ಅಬ್ರೆವು ಜೀವನವನ್ನು ಆಧರಿಸಿದ 'ತಿಕೋ-ತಿಕೋ ನೋ ಫುಬಾ' (1952) ಕೂಡ ಅವರದೇ. ಎರಡೂ ಕಾನ್ ಚಿತ್ರೋತ್ಸವವನ್ನು ತಲುಪಿದವು. ಹಾಲಿವುಡ್ ಮಾದರಿಯ ವೆಚ್ಚ ಹೊತ್ತ ಸಂಸ್ಥೆ ಮಾತ್ರ 1954ರಲ್ಲಿಯೇ ದಿವಾಳಿಯಾಯಿತು. ಆ ವೇಳೆಗೆ ನಟಿ ತೋನಿಯಾ ಕರ್ರೇರೋ ಅವರನ್ನು ವರಿಸಿದ್ದ ಚೆಲಿ, ಆಕೆ ಮತ್ತು ಔತ್ರಾನ್ ಜತೆಗೂಡಿ ಸ್ವಂತ ನಾಟಕ ಕಂಪನಿ ಕಟ್ಟಿದರು. 1956ರಲ್ಲಿ 'ಒಥೆಲೋ' ಮೂಲಕ ಅದು ರಂಗಕ್ಕಿಳಿಯಿತು.

ಮರಳಿ ತೆರೆಗೆ

ಅರವತ್ತರ ದಶಕದ ಆರಂಭದಲ್ಲಿ ಚೆಲಿ ಯುರೋಪಿಗೆ ಮರಳಿದರು. ಫಿಲಿಪ್ ದ ಬ್ರೋಕಾ ನಿರ್ದೇಶನದ 'ಲೋಮ್ ದ ರಿಯೋ' (1964) ಚಿತ್ರದಲ್ಲಿ ಅವರ ಪಾತ್ರ ಬ್ರೆಜಿಲ್‌ನ ಸಿರಿವಂತ ಉದ್ಯಮಿಯದು. ಫ್ರಾಂಕ್ ಸಿನಾತ್ರಾ ನಾಯಕರಾಗಿದ್ದ 'ವಾನ್ ರಯನ್ಸ್ ಎಕ್ಸ್‌ಪ್ರೆಸ್' (1965) ಚಿತ್ರದ ಮೇಜರ್ ಬತ್ತಾಲ್ಯಾ ಇಟಾಲಿಯನ್ ನುಡಿಯುವ ಸೇನಾಧಿಕಾರಿ. ಅವನ ಮಾತನ್ನು ಸೆರ್ಜಿಯೋ ಫಾಂತೋನಿ ಅಭಿನಯಿಸಿದ ಕ್ಯಾಪ್ಟನ್ ಇಂಗ್ಲಿಷಿಗೆ ತರುತ್ತಾನೆ. ಇಂಥ ಅನುಕೂಲ 'ಥಂಡರ್‌ಬಾಲ್'ನಲ್ಲಿ ಇರಲಿಲ್ಲ. ನಿರ್ಮಾಪಕರಿಗೆ ಚೆಲಿಯವರ ಮುಖ ಬೇಕಿತ್ತು, ದಟ್ಟ ಉಚ್ಚಾರಣೆ ಬೇಕಿರಲಿಲ್ಲ. ರಿಯೆಟ್ಟಿ ಕಂಠದಾನ ಮಾಡಿದರು. ಚಿತ್ರೀಕರಣದ ನಂತರ ಧ್ವನಿ ಸೇರಿಸುವುದೇ ರೂಢಿಯಾಗಿದ್ದ ಅಂದಿನ ಇಟಲಿಯ ನಟರಿಗೆ ಇದು ಅಪಮಾನವೇನೂ ಆಗಿರಲಿಲ್ಲ.

ಬಾಂಡ್ ಖ್ಯಾತಿಯ ನೆರಳು ದೀರ್ಘವಾಗಿತ್ತು. ಶಾನ್ ಕಾನರಿಯ ತಮ್ಮ ನೀಲ್ ಕಾನರಿಯನ್ನು ನಾಯಕನಾಗಿಸಿದ 'ಓಕೆ ಕಾನರಿ' (1967) ಎಂಬ ಅಣಕು ಚಿತ್ರದಲ್ಲಿಯೂ ಅವರೇ ಖಳ. 1976ರಲ್ಲಿ ಇಟಲಿಯ ರಾಯ್ ದೂರದರ್ಶನ ವಾಹಿನಿಯ 'ಸಾಂದೊಕಾನ್' ಧಾರಾವಾಹಿಯಲ್ಲಿ ಭಾರತದ ಕಬೀರ್ ಬೇಡಿ ನಾಯಕರಾಗಿ ಮನೆಮಾತಾದರು. ಅವರಿಗೆ ಎದುರಾಳಿ, ಸರವಾಕ್‌ನ 'ಬಿಳಿಯ ರಾಜ' ಜೇಮ್ಸ್ ಬ್ರೂಕ್ ಆಗಿ ನಟಿಸಿದವರು ಚೆಲಿ. ಸ್ವಾರಸ್ಯವೆಂದರೆ, ಅಲ್ಲಿ ಕಂಠದಾನ ಪಡೆದವರು ಬೇಡಿ. ಇಟಾಲಿಯನ್‌ನಲ್ಲಿ ಅವರ ದನಿಯಾದ ಪೀನೋ ಲೊಕ್ಕಿ ಬಾಂಡ್ ಚಿತ್ರಗಳಲ್ಲಿ ಶಾನ್ ಕಾನರಿಗೂ ದನಿ ಕೊಟ್ಟವರು.

ಇಟಲಿಯ ಜನ ಚೆಲಿಯವರನ್ನು ನೆನೆಯುವುದು ಖಳನಾಗಿ ಅಲ್ಲ. ಮಾರಿಯೋ ಮೊನಿಚೆಲ್ಲಿಯ 'ಅಮೀಚಿ ಮಿಯೆಯಿ' (1975) ಚಿತ್ರದ ಶಸ್ತ್ರವೈದ್ಯ ಪ್ರೊಫೆಸರ್ ಸಸ್ಸಾರೋಲಿಯಾಗಿ. ತನ್ನ ಹೆಂಡತಿಯನ್ನು ಮೋಹಿಸಿದ ವಾಸ್ತುಶಿಲ್ಪಿಗೆ ಆಕೆಯ ಜತೆ ಮಕ್ಕಳನ್ನೂ ದಾದಿಯನ್ನೂ ನಾಯಿಯನ್ನೂ ಗಂಭೀರವದನನಾಗಿ ಒಪ್ಪಿಸಿಬಿಡುವ ಈ ವೈದ್ಯ, ನಡುವಯಸ್ಸಿನ ಪುಂಡರ ಕೂಟಕ್ಕೆ ಸೇರಿ ಅವರನ್ನೇ ಮೀರಿಸುತ್ತಾನೆ. ನಗದೆ ನಗಿಸುವ ಆ ಬಿಗಿಮೊಗವೇ ಚೆಲಿಯವರ ಶ್ರೇಷ್ಠ ಅಭಿನಯವೆನ್ನಬೇಕು. 1982 ಮತ್ತು 1985ರಲ್ಲಿ ಬಂದ ಎರಡು ಮುಂದುವರಿದ ಭಾಗಗಳಲ್ಲಿಯೂ ಅವರಿದ್ದರು.

ಇಂಗ್ಲಿಷಿನೊಡನೆ ಅವರ ಸೆಣಸಾಟ ಇನ್ನೂ ಮುಗಿದಿರಲಿಲ್ಲ. 1981ರಲ್ಲಿ ಬಿಬಿಸಿ ನಿರ್ಮಿಸಿದ ಹತ್ತು ಕಂತುಗಳ 'ದಿ ಬೋರ್ಜಿಯಾಸ್' ಧಾರಾವಾಹಿಯಲ್ಲಿ ಪೋಪ್ ಆರನೆಯ ಅಲೆಕ್ಸಾಂಡರ್ ಪಾತ್ರವನ್ನು ಅವರು ಸ್ವಂತ ದನಿಯಲ್ಲಿಯೇ ನಿರ್ವಹಿಸಿದರು. ಮಾತು ಅರ್ಥವಾಗುವುದಿಲ್ಲವೆಂದು ಬ್ರಿಟಿಷ್ ವಿಮರ್ಶಕರು ದೂರಿದರು. ಹದಿನಾರು ವರ್ಷ ಹಿಂದೆ ಬಾಂಡ್ ನಿರ್ಮಾಪಕರು ಹಾಕಿದ ಲೆಕ್ಕ ವ್ಯಾಪಾರದ ದೃಷ್ಟಿಯಿಂದ ಸರಿಯೇ ಇದ್ದಿರಬಹುದು. ಆದರೆ ಆ ಮುದಿ ಪೋಪನ ಕುಟಿಲತೆಗೆ ಒರಟು ಉಚ್ಚಾರಣೆ ಅಸಹಜವೇನಾಗಿರಲಿಲ್ಲ.

ಗಾಸ್‌ಮನ್ ಮತ್ತು ಲೂಚಿಯಾನೋ ಲೂಚಿಞಾನಿ ಜತೆ ಚೆಲಿ ನಿರ್ದೇಶಿಸಿ ನಟಿಸಿದ 'ಲಾಲಿಬಿ' (1969) ಆತ್ಮಕಥನದ ಛಾಯೆಯುಳ್ಳ ಚಿತ್ರ. ರೊಮಾನಿಯಾ ಮೂಲದ ನಟಿ ವೆರೋನಿಕಾ ಲಜಾರ್ ಅವರೊಡನೆ ನಡೆದ ವಿವಾಹದಿಂದ ಅವರಿಗೆ ಇಬ್ಬರು ಮಕ್ಕಳು. ರಂಗಭೂಮಿಯ ನಂಟು ಕೊನೆಯವರೆಗೂ ಕಡಿಯಲಿಲ್ಲ. ದೊಸ್ತೊಯೆವ್‌ಸ್ಕಿಯ ಕೃತಿಗಳನ್ನು ಆಧರಿಸಿದ ನಾಟಕಕ್ಕಾಗಿ ಸಿಯೆನಾ ನಗರದಲ್ಲಿದ್ದಾಗ 1986ರ ಫೆಬ್ರುವರಿ 19ರಂದು ಹೃದಯಾಘಾತದಿಂದ ನಿಧನರಾದರು. ಪುತ್ರ ಲಿಯೊನಾರ್ದೋ 2006ರಲ್ಲಿ ತಂದೆಯನ್ನು ಕುರಿತು ಸಾಕ್ಷ್ಯಚಿತ್ರ ರೂಪಿಸಿದರು. 'ಎರಡು ಸಂಸ್ಕೃತಿಗಳಿಗೆ ಸಂದ ವ್ಯಕ್ತಿ' ಎಂಬರ್ಥದ ಹೆಸರು ಅದಕ್ಕೆ.